ಮಡಚಿಟ್ಟ ಹಿಂಬರಹ

ಕಾರಟಗಿ ಬಸ್ ನಿಲ್ದಾಣದಲ್ಲಿ ಗಂಗಾವತಿ ಗಾಡಿಗೆ ಕಾಯುತ್ತಿದ್ದೆ. ಪಕ್ಕದಲ್ಲಿ ಕೂತಿದ್ದ ತಾಯಿಯೊಬ್ಬರು ಚೀಲದಿಂದ ಕಾಗದವೊಂದನ್ನು ತೆಗೆದು, ‘ಇದರಾಗ ಏನ್ ಬರದಾರ, ಸ್ವಲ್ಪ ಓದ್ರಿ ಅಣ್ಣಾರ’ ಎಂದರು. ಠಾಣೆಯಿಂದ ಬಂದ ಹಿಂಬರಹ. ಮಡಚಿ ಮಡಚಿ ನಾಲ್ಕು ತುಂಡಾಗುವಂತಿತ್ತು. ಅವರ ಮಗ ಕಾಲುವೆಯಲ್ಲಿ ಹೆಣವಾಗಿ ಸಿಕ್ಕಿದ್ದ. ಕಾಲು ಜಾರಿ ಬಿದ್ದದ್ದು, ಮುಂದಿನ ಕ್ರಮದ ಅಗತ್ಯವಿಲ್ಲ ಎಂದು ಎರಡು ಸಾಲಿನಲ್ಲಿ ಮುಗಿಸಿದ್ದರು.

‘ಚಪ್ಲಿ ದಂಡಿಮ್ಯಾಲ ಇದ್ದಿಲ್ರಿ. ಫೋನ್ ಎಲ್ಲಿ ಹೋತು ಅಂತ ಯಾರೂ ಕೇಳ್ಲಿಲ್ರಿ.’

ನನಗೆ ಉಮಾದೇವಿ ಕಲಬುರ್ಗಿಯವರು ನೆನಪಾದರು. ನಮ್ಮ ಪಕ್ಕದ ಹಂಪಿ ಕನ್ನಡ ವಿಶ್ವವಿದ್ಯಾಲಯದ ಕುಲಪತಿಯಾಗಿದ್ದ ಎಂ.ಎಂ. ಕಲಬುರ್ಗಿಯವರನ್ನು 2015ರ ಆಗಸ್ಟ್ 30ರಂದು ಧಾರವಾಡದ ಮನೆಯಲ್ಲೇ ಗುಂಡಿಟ್ಟು ಕೊಂದರು. ಸಿಐಡಿ ತನಿಖೆ ವರ್ಷಗಟ್ಟಲೆ ತೆವಳಿತು. ಕೊನೆಗೆ ಉಮಾದೇವಿಯವರೇ ಸುಪ್ರೀಂ ಕೋರ್ಟಿಗೆ ಹೋದರು. ವಿಚಾರವಾದಿಗಳಾದ ದಾಭೋಲ್ಕರ್, ಪಾನ್ಸರೆ, ಪತ್ರಕರ್ತೆ ಗೌರಿ ಲಂಕೇಶ್ ಹತ್ಯೆಗಳಿಗೂ ಇದಕ್ಕೂ ನಂಟಿದೆಯೇ ನೋಡಿ ಎಂಬುದು ಅವರ ಕೋರಿಕೆ. 2019ರ ಫೆಬ್ರುವರಿ 26ರಂದು ಕೋರ್ಟ್, ಗೌರಿ ಪ್ರಕರಣದ ಎಸ್‌ಐಟಿಗೇ ಈ ತನಿಖೆಯನ್ನೂ ಒಪ್ಪಿಸಿತು; ಮೇಲ್ವಿಚಾರಣೆ ಹೈಕೋರ್ಟಿನ ಧಾರವಾಡ ಪೀಠಕ್ಕೆ. ಆರು ತಿಂಗಳೊಳಗೆ, ಆಗಸ್ಟಿನಲ್ಲಿ, ಆರು ಮಂದಿಯ ಮೇಲೆ ದೋಷಾರೋಪ ಪಟ್ಟಿ ಸಲ್ಲಿಕೆಯಾಯಿತು. ಗಂಡನನ್ನು ಕಳಕೊಂಡ ಹೆಣ್ಣುಮಗಳು ಪೊಲೀಸರಿಗೆ ಅವರ ಕೆಲಸ ನೆನಪಿಸಲು ದೆಹಲಿಯವರೆಗೆ ಹೋಗಬೇಕಾಯಿತಲ್ಲ ಎಂಬ ಸಂಕಟ ನನಗಿನ್ನೂ ಆರಿಲ್ಲ.

ಈ ತಾಯಿ ದೆಹಲಿಗೆ ಹೋಗಬೇಕಿಲ್ಲ. ಠಾಣೆ ಕೈಚೆಲ್ಲಿದರೆ ಎಸ್‌ಪಿಯವರಿಗೆ ಬರೆದು ಕೊಡಬೇಕು. ಅಲ್ಲೂ ಆಗದಿದ್ದರೆ ಅಫಿಡವಿಟ್ ಸಮೇತ ಮ್ಯಾಜಿಸ್ಟ್ರೇಟರ ಮುಂದೆ ಅರ್ಜಿ ಹಾಕಬಹುದು. ಹಳೆಯ ಸಿಆರ್‌ಪಿಸಿಯಲ್ಲಿ ಇದು ಕಲಂ 156(3). 2024ರ ಜುಲೈ 1ರಿಂದ ಜಾರಿಗೆ ಬಂದ ಹೊಸ ಸಂಹಿತೆಯಲ್ಲಿ 175(3). ತನಿಖೆ ಸರಿಯಾಗಿ ನಡೆಸಿ ಎಂದು ಹೇಳುವ, ಅದರ ಮೇಲೆ ಕಣ್ಣಿಡುವ ಅಧಿಕಾರ ಮ್ಯಾಜಿಸ್ಟ್ರೇಟರಿಗಿದೆ ಎಂದು ಸುಪ್ರೀಂ ಕೋರ್ಟ್ 2007ರಲ್ಲೇ ಸಾಕಿರಿ ವಾಸು ಪ್ರಕರಣದಲ್ಲಿ ಹೇಳಿದೆ. ಎಫ್‌ಐಆರ್ ಆದಮೇಲೆ ತನಿಖೆ ಎಲ್ಲಿಗೆ ಬಂತೆಂದು 90 ದಿನದೊಳಗೆ ದೂರುದಾರರಿಗೆ ತಿಳಿಸಬೇಕೆಂದೂ ಹೊಸ ಕಾನೂನಿನಲ್ಲಿದೆ.

ಆದರೆ ‘ನ್ಯಾಯ ಕೊಡಿಸಿ’ ಎಂದಷ್ಟೇ ಬರೆದ ಅರ್ಜಿಗಳನ್ನು ನಾನು ಬಹಳ ಕಂಡಿದ್ದೇನೆ. ಅವು ಗಟ್ಟಿ ನಿಲ್ಲುವುದಿಲ್ಲ. ಯಾವುದನ್ನು ನೋಡಿಲ್ಲ, ಯಾರನ್ನು ಕೇಳಿಲ್ಲ ಎಂಬುದನ್ನು ಬಿಡಿಸಿ ಬರೆಯಬೇಕು. ಅದೂ ಬೇಗ, ಸಿಸಿ ಕ್ಯಾಮೆರಾದ ದೃಶ್ಯ, ಫೋನಿನ ಕರೆ ವಿವರ ನಮಗಾಗಿ ಕಾದು ಕೂರುವುದಿಲ್ಲ. ಚಪ್ಪಲಿ, ಫೋನು ಎಂದು ಈ ತಾಯಿ ಒಂದೇ ಉಸಿರಿನಲ್ಲಿ ಹೇಳಿದರಲ್ಲ, ಅರ್ಜಿಯ ಅರ್ಧ ಅಲ್ಲಿಗೇ ಮುಗಿದಿತ್ತು.

ವಕೀಲರಿಗೆ ತೋರಿಸಲೆಂದು ಪತ್ರಿಕೆಯ ಅಂಚಿನಲ್ಲಿ ಅವೆರಡನ್ನೂ ಬರೆದು ಹರಿದು ಕೊಟ್ಟೆ. ಹಿಂಬರಹದ ಜತೆ ಅದನ್ನೂ ಮಡಚಲು ಹೋದವರು ಕೈ ತಡೆದು, ಚೀಟಿಯನ್ನು ಮತ್ತೆ ನನ್ನತ್ತ ಚಾಚಿದರು.

‘ಅವತ್ತ ಸಂಜಿಕೆ ಯಾರ ಗಾಡಿ ಮ್ಯಾಲ ಕೂತು ಹೋದ ಅನ್ನೋದೂ ಬರೀರಿ. ನಾ ನೋಡೇನಿ.’