ಹೆಸರಿನೊಳಗಿನ ಅಮ್ಮ

ಜತ್ತ ತಾಲ್ಲೂಕಿನ ಓಣಿಗಳಲ್ಲಿ ‘ದಾನಮ್ಮಾ’ ಎಂದು ಕೂಗಿದರೆ ಓಗೊಡುವ ಹೆಣ್ಣುಮಕ್ಕಳಿಗೆ ಬರವಿಲ್ಲ. ಒಂದು ಮನೆಯಲ್ಲಿ ಆಕೆ ದಾನವ್ವ, ಮತ್ತೊಂದರಲ್ಲಿ ದಾನಮ್ಮ, ಮರಾಠಿ ಓದುವ ಮೊಮ್ಮಗಳ ಪುಸ್ತಕದ ಮೇಲೆ ಕೊನೆಯ ಅಕ್ಷರಕ್ಕೆ ದೀರ್ಘ ಎಳೆದುಕೊಂಡ ದಾನಮ್ಮಾ. ಹೆಸರು ಗುಡ್ಡಾಪುರದ ದೇವಿಯದು. ಮಹಾರಾಷ್ಟ್ರದ ಸಾಂಗಲಿ ಜಿಲ್ಲೆಯ ಮೂಡಣ ತುದಿಯ ಈ ಬರದ ಸೀಮೆ ಒಂದು ಕಡೆ ಕರ್ನಾಟಕದ ವಿಜಯಪುರಕ್ಕೆ, ಇನ್ನೊಂದು ಕಡೆ ಅಥಣಿಗೆ ಅಂಟಿಕೊಂಡಿದೆ. ಇಲ್ಲಿ ಕನ್ನಡದ ಮನೆಗಳೂ ಮರಾಠಿಯ ಮನೆಗಳೂ ದಾನಮ್ಮನಿಗೆ ನಡೆದುಕೊಳ್ಳುತ್ತವೆ. ಛಟ್ಟಿ ಅಮಾವಾಸ್ಯೆಯ ಜಾತ್ರೆಗೆ ಗಡಿಯ ಎರಡೂ ಬದಿಯಿಂದ ಜನ ಕಾಲ್ನಡಿಗೆಯಲ್ಲಿ ಬರುತ್ತಾರೆ. ಜತ್ತದ ಹೆಸರು ಪತ್ರಿಕೆಗಳಲ್ಲಿ ಬರುವುದು ನೀರಿನ ಸಲುವಾಗಿ, ಇಲ್ಲವೆ ಗಡಿಯ ಸಲುವಾಗಿ. 2022ರ ನವೆಂಬರಿನಲ್ಲಿ ಇಲ್ಲಿನ 40 ಹಳ್ಳಿಗಳು ಯಾವ ರಾಜ್ಯಕ್ಕೆ ಸೇರಬೇಕೆಂಬ ಮಾತು ಎರಡೂ ರಾಜ್ಯಗಳಲ್ಲಿ ಗದ್ದಲ ಎಬ್ಬಿಸಿತ್ತು. ಆ ಗದ್ದಲದಲ್ಲಿ ಯಾರೂ ಕೇಳದ ಒಂದು ಪ್ರಶ್ನೆ ನನ್ನನ್ನು ಬಹುಕಾಲದಿಂದ ಕಾಡುತ್ತಿದೆ. ಈ ಊರುಗಳ ಹೆಣ್ಣುಕೂಸಿನ ಹೆಸರಿನಲ್ಲಿ ಹುಟ್ಟಿದ ದಿನದಿಂದಲೇ ಅಮ್ಮ ಕೂತಿರುತ್ತಾಳಲ್ಲ, ಆಕೆ ಯಾರು?

ದಾನಮ್ಮ ಹುಟ್ಟುತ್ತಲೇ ದಾನಮ್ಮ ಆಗಿರಲಿಲ್ಲ. ಶರಣ ಪರಂಪರೆ ಹೇಳುವಂತೆ ಆಕೆ ಇದೇ ತಾಲ್ಲೂಕಿನ ಉಮರಾಣಿಯ ಮಗಳು. ತಂದೆ ಅನಂತರಾಯ, ತಾಯಿ ಶಿರಸಮ್ಮ. ಇಟ್ಟ ಹೆಸರು ಲಿಂಗಮ್ಮ. ಹನ್ನೆರಡನೆಯ ಶತಮಾನದ ಕಲ್ಯಾಣದ ಸುದ್ದಿ ಕೇಳಿ ಅಲ್ಲಿಗೆ ಹೋದಳು, ದಾಸೋಹದಲ್ಲಿ ತೊಡಗಿದಳು, ಕೊಡುವುದರಲ್ಲಿ ಆಕೆಯ ಕೈ ಹಿಂದೆಮುಂದೆ ನೋಡಲಿಲ್ಲ. ಅದನ್ನು ಕಂಡು ಬಸವಣ್ಣನವರು ಆಕೆಯನ್ನು ದಾನಮ್ಮ ಎಂದು ಕರೆದರು ಎಂಬುದು ಐತಿಹ್ಯ. ಹಾಗಾದರೆ ಈ ಸೀಮೆಯಲ್ಲಿ ಅತಿ ಹೆಚ್ಚು ಪ್ರೀತಿಯಿಂದ ಮಕ್ಕಳಿಗೆ ಇಡುವ ಹೆಸರು ತೊಟ್ಟಿಲಲ್ಲಿ ಸಿಕ್ಕದ್ದಲ್ಲ; ಒಬ್ಬ ಹೆಣ್ಣುಮಗಳು ತನ್ನ ಬಾಳಿನಿಂದ ಗಳಿಸಿದ್ದು. ಲಿಂಗ ಹೋಗಿ ದಾನ ಬಂತು. ಅಮ್ಮ ಮಾತ್ರ ಎರಡರಲ್ಲೂ ಉಳಿದಳು.

ಹೆಸರಿನೊಳಗೆ ತಾಯಿ ಬಂದು ಕೂರುವುದು ನಮ್ಮಲ್ಲಷ್ಟೇ ಅಲ್ಲ. ಇಂಗ್ಲಿಷಿನವರು ಹೆಣ್ಣುಮಕ್ಕಳಿಗೆ ಎರಡು ಹೆಸರು ಸೇರಿಸಿ ಇಡುವಾಗ ನಡುವೆ ಒಂದು ಸಣ್ಣ ಅಡ್ಡಗೆರೆ ಎಳೆಯುವುದುಂಟು. ಮೇರಿ-ಆನ್ ಅಂಥದೊಂದು ಹಳೆಯ ಜೋಡಿ. ಮೇರಿಯ ಮೂಲ ಹೀಬ್ರೂವಿನ ಮಿರಿಯಮ್. ಅದಕ್ಕೆ ಕಹಿ ಎಂದವರಿದ್ದಾರೆ, ಪ್ರೀತಿಪಾತ್ರಳು ಎಂದವರಿದ್ದಾರೆ, ವಿದ್ವಾಂಸರ ಜಗಳ ಮುಗಿದಿಲ್ಲ. ಆನ್‌ನ ಮೂಲ ಹನ್ನಾ, ಅಂದರೆ ಕೃಪೆ. ಆದರೆ ಈ ಹೆಸರಿನ ಅರ್ಥ ಇರುವುದು ಎರಡು ಪದಗಳಲ್ಲಿ ಅಲ್ಲ, ಅವುಗಳ ನೆಂಟಸ್ತಿಕೆಯಲ್ಲಿ. ಕ್ರೈಸ್ತ ಪರಂಪರೆಯಲ್ಲಿ ಆನ್ ಎಂದರೆ ಮೇರಿಯ ತಾಯಿ. ಬೈಬಲ್ಲಿನಲ್ಲಿ ಆ ತಾಯಿಯ ಹೆಸರೇ ಇಲ್ಲ. ಅದು ಸಿಗುವುದು ಬೈಬಲ್ಲಿನೊಳಗೆ ಸೇರದೆ ಹೊರಗುಳಿದ, ಎರಡನೆಯ ಶತಮಾನದ್ದೆಂದು ಎಣಿಸುವ ಯಾಕೋಬನ ಹೆಸರಿನ ಒಂದು ಗ್ರಂಥದಲ್ಲಿ. ಶಾಸ್ತ್ರ ಬರೆದಿಡಲು ಮರೆತ ತಾಯಿಯನ್ನು ಭಕ್ತರು ನೆನಪಿಟ್ಟುಕೊಂಡರು. ಆಮೇಲೆ ಎಷ್ಟೋ ಶತಮಾನಗಳ ತರುವಾಯ ಮನೆಮನೆಯ ಕೂಸುಗಳ ಹೆಸರಿನಲ್ಲಿ ಮಗಳ ಮಗ್ಗುಲಿಗೆ ತಂದು ಕೂರಿಸಿದರು. ಮೇರಿ-ಆನ್ ಎಂದು ಕರೆದಾಗ ಕರೆಸಿಕೊಳ್ಳುವವಳು ಒಬ್ಬಳು, ಬರುವವರು ಇಬ್ಬರು.

ನಮ್ಮ ಹೆಸರಿಗೆ ಗೆರೆ ಬೇಡ, ಸಂಧಿ ಸಾಕು. ದಾನ, ಅಮ್ಮ ಎರಡೂ ಕೂಡುವಾಗ ನಡುವಿನ ಒಂದು ಸ್ವರ ಬಿಟ್ಟುಹೋಗುತ್ತದೆ. ಗಂಗವ್ವ, ನೀಲವ್ವ, ಬಸಮ್ಮ, ಮಲ್ಲವ್ವ, ಎಲ್ಲದರಲ್ಲೂ ಹೀಗೆಯೇ. ಶಾಲೆಯ ವ್ಯಾಕರಣ ಇದನ್ನು ಲೋಪಸಂಧಿ ಎಂದು ಕಲಿಸುತ್ತದೆ. ಒಂದು ಕಡೆಯದು ಬಿಟ್ಟುಕೊಟ್ಟರೆ ತಾನೇ ಬೆಸುಗೆ! ಅದರಲ್ಲೂ ದಾನ ಸಂಸ್ಕೃತದ್ದು, ಅಮ್ಮ ಕನ್ನಡದ್ದು. ಎರಡು ಭಾಷೆಗಳ ಗಡಿ ಈ ಹೆಸರಿನೊಳಗೇ ಹಾದುಹೋಗಿದೆ, ಎಲ್ಲಿ ಹಾದುಹೋಗಿದೆ ಎಂದು ಯಾರಿಗೂ ತೋರುವುದಿಲ್ಲ.

ಜತ್ತದಲ್ಲಿ ಈ ಬೆಸುಗೆಗೆ ಇನ್ನೊಂದು ಸುತ್ತು ಇದೆ. ಬಾಯಲ್ಲಿ ಕಾಶವ್ವ ಆದವಳು ಕಾಗದದಲ್ಲಿ ಕಾಶೀಬಾಯಿ ಆಗುವುದುಂಟು, ಗೌರವ್ವ ಗೌರಾಬಾಯಿ ಆಗುವುದುಂಟು. ಬರೆಯುವ ಕೈ ಮರಾಠಿಯದು, ಅಷ್ಟೇ. ದ್ವೇಷ ಏನೂ ಇಲ್ಲ. ಅವ್ವ ಎಂದರೆ ತಾಯಿ, ಬಾಯಿ ಎಂದರೆ ಗೌರವದ ಹೆಂಗಸು. ತಾಯಿ ಎಂಬ ಪದವೇ ಗಡಿ ದಾಟಿದರೆ ಬೇರೆ ಸಂಬಂಧಕ್ಕೆ ಹೊರಳುತ್ತದೆ: ಕನ್ನಡದ ಕಿವಿಗೆ ಅದು ಹೆತ್ತವಳು, ಮರಾಠಿಯ ಕಿವಿಗೆ ಅದೇ ಉಲಿ ಅಕ್ಕ. ಆಯಿ ಎಂದರೆ ಮರಾಠಿ ಕೂಸು ಅವ್ವನತ್ತ ನೋಡುತ್ತದೆ, ನಮ್ಮ ಕಡೆಯ ಕೂಸು ಅಜ್ಜಿಯತ್ತ. ಒಂದೇ ಅಂಗಳದಲ್ಲಿ ಆಡುವ ಮಕ್ಕಳಿಗೆ ಇದು ಗೊಂದಲವೇ ಅಲ್ಲ. ಯಾವ ಭಾಷೆಯಲ್ಲಿ ಕೇಳಿದರೂ ಹೆಣ್ಣುಮಗಳ ಹೆಸರಿನ ಬಾಲಕ್ಕೆ ಒಂದು ನಂಟು ಅಂಟಿರಲೇಬೇಕು ಎಂಬುದರಲ್ಲಿ ಎರಡೂ ಕಡೆ ಒಮ್ಮತವಿದೆ.

ಈ ಬಾಲದ ಭಾರ ಎಷ್ಟು ಎಂಬುದನ್ನು ಅರಿತು ನುಡಿದವರು ಗಂಗೂಬಾಯಿ ಹಾನಗಲ್. 1913ರಲ್ಲಿ ಧಾರವಾಡದಲ್ಲಿ ಹುಟ್ಟಿದಾಗ ಆಕೆಯ ಹೆಸರು ಗಾಂಧಾರಿ; ಲೋಕ ಅರಿತದ್ದು ಗಂಗೂಬಾಯಿ ಎಂದು. ಗಂಡಸು ಹಾಡಿದರೆ ಮುಸಲ್ಮಾನನಾದರೆ ಉಸ್ತಾದ, ಹಿಂದೂವಾದರೆ ಪಂಡಿತ. ಕೇಸರಬಾಯಿ, ಮೋಗೂಬಾಯಿ ಅಂಥವರು ಮಾತ್ರ ಎಷ್ಟು ಎತ್ತರಕ್ಕೆ ಏರಿದರೂ ಬಾಯಿಗಳಾಗಿಯೇ ಉಳಿದರು ಎಂಬ ಅರ್ಥದ ಮಾತನ್ನು ಆಕೆ ಆಡಿದ್ದರು. ನನಗೆ ಆ ಮಾತು ಸಂಗೀತವನ್ನು ಮೀರಿದ್ದಾಗಿ ಕೇಳುತ್ತದೆ. ಹೆಣ್ಣಿನ ಹೆಸರಿಗೆ ನಾವು ಸಂಬಂಧವನ್ನು ಧಾರಾಳವಾಗಿ ಸೇರಿಸುತ್ತೇವೆ, ಆಕೆಯ ವಿದ್ಯೆಯನ್ನು ಸೇರಿಸುವುದಿಲ್ಲ.

ಹೆಸರಿಡುವ ದಿನ ತೊಟ್ಟಿಲ ಸುತ್ತ ಮುತ್ತೈದೆಯರು ಕೂಡುತ್ತಾರೆ. ಸೋದರತ್ತೆ ಕೂಸಿನ ಕಿವಿಗೆ ಬಾಯಿ ಹಚ್ಚಿ ಕುರ್ರ್ ಎಂದು ಹೆಸರು ಹೇಳುತ್ತಾಳೆ, ಸುತ್ತಲಿನವರು ಅವಳ ಬೆನ್ನಿಗೆ ಗುದ್ದುತ್ತಾರೆ, ನಗು ಏಳುತ್ತದೆ. ಮರಾಠಿ ಮನೆಯಲ್ಲೂ ಇದೇ ಆಟ. ಗಮನಿಸಬೇಕಾದದ್ದು, ಹೆಸರು ಹೇಳುವವಳು ತಂದೆಯ ಕಡೆಯವಳು. ಹೆತ್ತವಳು ಅಲ್ಲೇ ಕೂತಿರುತ್ತಾಳೆ. ಕೂಸಿಗೆ ಅಮ್ಮ ಎಂಬ ಬಿರುದು ಸಿಗುವ ಗಳಿಗೆಯಲ್ಲಿ ನಿಜವಾದ ಅಮ್ಮನಿಗೆ ಅಲ್ಲಿ ಮಾತಿಲ್ಲ.

ಎಲ್ಲ ತೊಟ್ಟಿಲಿಗೂ ನಗು ಬರುವುದಿಲ್ಲ. ಬಾಳವ್ವ ಎಂಬ ಹೆಸರಿನ ಹಿಂದೆ ಬಾಳದೆ ಹೋದ ಕೂಸುಗಳಿವೆ. ತಿಪ್ಪವ್ವ ಎಂದು ಕರೆದರೆ, ಸಾವಿನ ಕಣ್ಣಿಗೆ ಬೀಳದಿರಲೆಂದು ತಿಪ್ಪೆಯ ಮೇಲೆ ಹೊರಳಿಸಿ ತಂದ ಕೂಸು ಎಂದು ಹಳಬರಿಗೆ ಹೇಳಬೇಕಾಗಿಲ್ಲ. ಇವು ಪ್ರೀತಿಯ ಹೆಸರುಗಳು, ಹೆದರಿದ ಪ್ರೀತಿಯ ಹೆಸರುಗಳು. ಸಾಕವ್ವನ ಹತ್ತಿರ ಬಂದಾಗ ನನ್ನ ಮನಸ್ಸು ಅಳುಕುತ್ತದೆ. ಸಾಕಿದವಳು ಎಂದು ಅರ್ಥ ಮಾಡಿದರೆ ಎಷ್ಟು ತಂಪು! ಆದರೆ ಸಾಲಾಗಿ ಹೆಣ್ಣೇ ಹುಟ್ಟಿದ ಮನೆಯಲ್ಲಿ ಕೊನೆಯವಳಿಗೆ ಆ ಹೆಸರು ಬಿದ್ದಾಗ ದೇವರಿಗೆ ಹೇಳಿದ ಮಾತು ಬೇರೆಯೇ: ಇನ್ನು ಹೆಣ್ಣು ಸಾಕು. ಮರಾಠಿಯಲ್ಲಿ ಇದಕ್ಕೆ ಮುಸುಕೂ ಇಲ್ಲ. ನಕೋಶೀ, ನಕುಸಾ, ಬೇಡವಾದವಳು. ಪಕ್ಕದ ಸಾತಾರಾ ಜಿಲ್ಲೆಯಲ್ಲಿ 2011ರ ಅಕ್ಟೋಬರಿನಲ್ಲಿ ಇಂಥ ಹೆಸರು ಹೊತ್ತಿದ್ದ 285 ಹುಡುಗಿಯರಿಗೆ ಸಮಾರಂಭ ಮಾಡಿ ಹೊಸ ಹೆಸರು ಕೊಟ್ಟರು. ಕೆಲವರು ತಾವೇ ಆರಿಸಿಕೊಂಡರು. ತನ್ನ ಹೆಸರನ್ನು ತಾನೇ ಇಟ್ಟುಕೊಳ್ಳುವ ಭಾಗ್ಯ ಬೇಡವಾದವಳಿಗೇ ಸಿಕ್ಕಿತಲ್ಲ ಎಂದು ಅದನ್ನು ಓದಿದಾಗ ನನಗೆ ಸಂತೋಷವೂ ಆಯಿತು, ದುಃಖವೂ ಆಯಿತು.

ಹೆಸರೇ ಬರದೆ ಹೋದವರೂ ಇದ್ದಾರೆ. ಜತ್ತದ ರೈತ ಹಗಲಿರುಳು ಜಪಿಸುವ ಪದ ಮ್ಹೈಸಾಳ. ಮೀರಜ ತಾಲ್ಲೂಕಿನ ಆ ಊರಿನ ಹತ್ತಿರ ಕೃಷ್ಣೆಯ ನೀರನ್ನು ಎತ್ತಿ ಮೂಡಣದ ಒಣಭೂಮಿಗೆ ಹರಿಸುವ ಯೋಜನೆಗೆ ಅದೇ ಹೆಸರು. 2017ರ ಮಾರ್ಚಿನಲ್ಲಿ ಅದೇ ಮ್ಹೈಸಾಳದಲ್ಲಿ, ಹಳ್ಳದ ಬದಿಯಲ್ಲಿ ಹೂತಿದ್ದ 19 ಭ್ರೂಣಗಳನ್ನು ಪೊಲೀಸರು ಅಗೆದು ತೆಗೆದರು. ಹೆಣ್ಣು ಎಂದು ತಿಳಿದು ತೆಗೆಸಿದವು ಎಂಬುದು ಆಗ ಹೊರಬಿದ್ದ ಆರೋಪ. ನೀರು ಬರುತ್ತದೆ ಎಂದು ನಾವು ಕಾಯುವ ದಿಕ್ಕಿನಿಂದ ಆ ಸುದ್ದಿ ಬಂತು. ದಾನಮ್ಮನಿಗೆ ಹರಕೆ ಹೊರುವ ಜಿಲ್ಲೆ ಇದು. ಹೆಣ್ಣಿಗೆ ಅಮ್ಮ ಎನ್ನುವುದು ಗೌರವ ಎಂದು ಹೇಳಿ ನಾನು ಸುಮ್ಮನಾಗಲಾರೆ.

ಇನ್ನು ಮದುವೆ. ಅಕ್ಕಿ ಹರಡಿದ ತಾಟಿನಲ್ಲಿ ಉಂಗುರದಿಂದ ಹೊಸ ಹೆಸರು ಬರೆಯುವ ಪದ್ಧತಿ ಮಹಾರಾಷ್ಟ್ರದ ಎಷ್ಟೋ ಮನೆತನಗಳಲ್ಲಿದೆ, ಉತ್ತರ ಕರ್ನಾಟಕದ ಕೆಲವು ಮನೆಗಳಲ್ಲೂ ಇದೆ. ಹೆಸರು ಬದಲಾಗದಿದ್ದರೂ ಅದರ ಮಗ್ಗುಲಿನವರು ಬದಲಾಗುತ್ತಾರೆ. ನಡುವೆ ತಂದೆ ಇದ್ದಲ್ಲಿ ಗಂಡ ಬರುತ್ತಾನೆ, ಕೊನೆಯ ಅಡ್ಡಹೆಸರು ಅತ್ತೆಮನೆಯದಾಗುತ್ತದೆ. ಗಂಡಸರ ಅಡ್ಡಹೆಸರಿಗೆ ಒಂದು ನೆಲ ಇರುತ್ತದೆ. 1948ರವರೆಗೆ ಜತ್ತ ಸಂಸ್ಥಾನವನ್ನು ಆಳಿದ ಡಫಳೆ ಮನೆತನಕ್ಕೆ ಆ ಹೆಸರು ಬಂದದ್ದು ಇಲ್ಲಿಯ ಡಫಳಾಪುರದಿಂದ. ಹೆಣ್ಣಿನ ಹೆಸರು ಅಂಥ ಯಾವ ಊರಿಗೂ ಬೇರು ಬಿಡುವುದಿಲ್ಲ. ಸಂಧಿಯಲ್ಲಿ ಒಂದು ಸ್ವರ ಬಿಟ್ಟುಹೋದರೆ ಮಾತಿಗೆ ಸೊಗಸು ಬರುತ್ತದೆ. ಇಲ್ಲಿ ಬಿಟ್ಟುಹೋಗುವುದು ಯಾವಾಗಲೂ ಒಂದೇ ಕಡೆಯದು.

ಈ ಯೋಚನೆ ಬಂದಾಗೆಲ್ಲ ನಾನು ಶರಣೆಯರ ಹೆಸರುಗಳ ಕಡೆಗೆ ಮರಳುತ್ತೇನೆ. ಕದಿರ ರೆಮ್ಮವ್ವ ನೂಲುವವಳು, ಕದಿರು ಹೆಸರಿಗೇ ಬಂದಿದೆ. ಆಯ್ದಕ್ಕಿ ಲಕ್ಕಮ್ಮನ ಹೆಸರಿನಲ್ಲಿ ನೆಲಕ್ಕೆ ಬಿದ್ದ ಅಕ್ಕಿಯನ್ನು ಆಯುವ ಕಾಯಕವಿದೆ. ಗಂಡ ಮಾರಯ್ಯ ಒಂದು ದಿನ ಬೇಕಾದ್ದಕ್ಕಿಂತ ಹೆಚ್ಚು ಅಕ್ಕಿ ತಂದಾಗ, ಇಷ್ಟೊಂದು ಆಸೆ ನಮಗೇಕೆಂದು ಅದನ್ನು ಅಲ್ಲೇ ಸುರಿದು ಬರಲು ಹೇಳಿದವಳು ಆಕೆ. ಸೂಳೆ ಸಂಕವ್ವ ಲೋಕ ಹೀಗಳೆಯುವ ಪದವನ್ನು ಹೆಸರಿನ ಮುಂದೆ ಹೊತ್ತೇ ವಚನ ಬರೆದಳು. ಮಹಾದೇವಿ ವಯಸ್ಸಿನಲ್ಲಿ ಚಿಕ್ಕವಳಾದರೂ ಹಿರಿಯರೆಲ್ಲರ ಬಾಯಲ್ಲಿ ಅಕ್ಕ ಆದಳು. ಅಲ್ಲಿ ಅಕ್ಕ ಎಂಬುದು ಹುಟ್ಟಿನ ಕ್ರಮವಲ್ಲ, ಅರಿವಿನ ಎತ್ತರ. ಈ ಹೆಸರುಗಳಲ್ಲಿ ಅಮ್ಮ, ಅವ್ವ, ಅಕ್ಕ ಇದ್ದಾರೆ, ಜೊತೆಗೆ ಆ ಹೆಣ್ಣುಮಗಳು ಕೈಯಾರೆ ಮಾಡಿದ್ದೂ ಇದೆ. ಉಮರಾಣಿಯ ಲಿಂಗಮ್ಮ ದಾನಮ್ಮ ಆದದ್ದು ಈ ಸಾಲಿನಲ್ಲಿ. ಕೊಟ್ಟವಳಾದ್ದರಿಂದ ಆಕೆ ಅಮ್ಮ. ಆ ಹೆಸರನ್ನು ತೊಟ್ಟಿಲಲ್ಲಿ ಇಡುವಾಗ ನಾವು ಕ್ರಮವನ್ನು ತಿರುಗಿಸಿಬಿಟ್ಟಿದ್ದೇವೆ. ಮೊದಲು ಅಮ್ಮ ಎಂದು ಕರೆದು ಆಮೇಲೆ ಬಾಳೆಲ್ಲ ಕೊಡು ಎನ್ನುತ್ತೇವೆ. ಶರಣೆಗೆ ಗಳಿಕೆಯಾಗಿದ್ದದ್ದು ಕೂಸಿಗೆ ಸಾಲವಾಗಬಾರದು ಎಂಬುದೊಂದೇ ನನ್ನ ಕಳವಳ.

ಆದರೂ ಈ ಹೆಸರನ್ನು ಬಿಡಿ ಎಂದು ಹೇಳಲು ನನಗೆ ಮನಸ್ಸು ಬರುವುದಿಲ್ಲ. ಮಗಳನ್ನು ಅವ್ವಾ ಎಂದು ಕರೆಯುವ ಅಪ್ಪನ ದನಿಯಲ್ಲಿ ಇರುವುದನ್ನು ಯಾವ ವಾದವೂ ಅಳಿಸಲಾರದು. ತೀರಿಹೋದ ತನ್ನ ತಾಯಿ ಮರಳಿ ಬಂದಳು ಎಂದು ಮಗಳಿಗೆ ಅವಳ ಹೆಸರನ್ನೇ ಇಡುವವರಿದ್ದಾರೆ. ಅಂಥ ಮನೆಯಲ್ಲಿ ಆ ಕೂಸನ್ನು ಬೈಯಲೂ ಹಿಂಜರಿಯುತ್ತಾರೆ. ಹೀಗೆ ಇಟ್ಟಾಗ ಅಜ್ಜಿಯ ಹೆಸರು ಉಳಿಯುತ್ತದೆ, ಆದರೆ ಅದು ತಂದೆಯ ತಾಯಿಯದು. ಹೆತ್ತವಳ ಹೆಸರಿಗೆ ಜಾಗ ಎಲ್ಲಿ?

ಮಹಾರಾಷ್ಟ್ರ ಸರ್ಕಾರ 2024ರ ಮಾರ್ಚಿನಲ್ಲಿ ಈ ಪ್ರಶ್ನೆಗೆ ಒಂದು ಉತ್ತರ ಕೊಟ್ಟಿತು. 2024ರ ಮೇ 1ರಂದು ಹಾಗೂ ಆಮೇಲೆ ಹುಟ್ಟಿದ ಮಕ್ಕಳ ಹೆಸರನ್ನು ಸರ್ಕಾರಿ ದಾಖಲೆಗಳಲ್ಲಿ ಹೀಗೆ ಬರೆಯಬೇಕು: ಮೊದಲು ಮಗುವಿನ ಹೆಸರು, ಅದರ ಬೆನ್ನಿಗೆ ತಾಯಿಯ ಹೆಸರು, ಆಮೇಲೆ ತಂದೆಯದು, ಕೊನೆಗೆ ಅಡ್ಡಹೆಸರು. ಶಾಲೆಯ ದಾಖಲಾತಿಯಿಂದ ಆಸ್ತಿಪತ್ರದವರೆಗೆ ಇದು ಕಡ್ಡಾಯ. ಮೇರಿಯ ಮಗ್ಗುಲಿಗೆ ಆನ್ ಬಂದು ಕೂತಂತೆ ಜತ್ತದ ಕೂಸಿನ ಮಗ್ಗುಲಿಗೆ ಅದರ ಅವ್ವ ಬಂದು ಕೂತಳು, ಬಿರುದಾಗಿ ಅಲ್ಲ, ತನ್ನ ಸ್ವಂತ ಹೆಸರಿನಲ್ಲಿ. ಇದು ಸಣ್ಣ ಕೆಲಸ ಎಂದು ನಾನು ತಿಳಿಯುವುದಿಲ್ಲ. ಮದುವೆಯಾದ ಹೆಂಗಸರ ಮಟ್ಟಿಗೆ ಮಾತ್ರ ಹಳೆಯ ಕ್ರಮವೇ ಮುಂದುವರಿಯಲಿ ಎಂದು ಅದೇ ನಿರ್ಣಯ ಹೇಳಿದೆ: ಆಕೆಯ ಹೆಸರು, ಗಂಡನ ಹೆಸರು, ಅಡ್ಡಹೆಸರು. ಅಂದರೆ ಇಂದಿನ ಮಗಳು ದೊಡ್ಡವಳಾಗಿ ಬೇರೆ ಮನೆಗೆ ಹೋಗುವ ದಿನ ಅವ್ವನ ಹೆಸರು ಅಲ್ಲಿಗೆ ನಿಲ್ಲುತ್ತದೆ. ಮಗನ ಹೆಸರಿನಲ್ಲಿ ಅದು ಕೊನೆಯವರೆಗೂ ಉಳಿಯುತ್ತದೆ. ಆ ಹೊತ್ತಿಗೆ ಈ ನಿಯಮವೂ ಬದಲಾಗಬೇಕು, ಅದಕ್ಕೆ ಇನ್ನೂ ಕಾಲವಿದೆ.

ಇವತ್ತೇ ಆಗಬೇಕಾದ ಕೆಲಸ ಒಂದಿದೆ, ಅದಕ್ಕೆ ಸರ್ಕಾರದ ಆದೇಶ ಬೇಕಾಗಿಲ್ಲ. 2024ರಲ್ಲಿ ಹುಟ್ಟಿದ ಕೂಸುಗಳು ಅಂಗನವಾಡಿಗೆ ಬರುತ್ತಿವೆ, ಇನ್ನು ಕೆಲವೇ ವರ್ಷಗಳಲ್ಲಿ ಸಂಖ, ಉಮದಿಯಂಥ ಊರುಗಳಲ್ಲಿ ಒಂದನೆಯ ಇಯತ್ತೆಗೆ ಬಂದು ಕೂರುತ್ತವೆ. ಹೆಸರು ಬರೆದುಕೊಳ್ಳುವ ಮಾಸ್ತರರು, ಬಾಯಿಗಳು ತಾಯಿಯನ್ನು ಎದುರಿಗೆ ಕರೆದು ನಿನ್ನ ಹೆಸರೇನವ್ವ ಎಂದು ಕೇಳಬೇಕು, ಗಂಡನ ಬಾಯಿಂದ ಕೇಳಬಾರದು. ಆಕೆ ನೀಲವ್ವ ಎಂದರೆ ನೀಲವ್ವ ಎಂದೇ ಬರೆಯಬೇಕು, ನೀಲಾಬಾಯಿ ಎಂದು ತಿದ್ದಬಾರದು. ಶಾಂತಾಬಾಯಿ ಎಂದರೆ ಶಾಂತವ್ವ ಮಾಡಬಾರದು. ತವರಿನ ಹೆಸರು ಒಂದು, ಗಂಡನ ಮನೆಯದು ಒಂದು ಇದ್ದರೆ ಯಾವುದನ್ನು ಬರೆಯಲಿ ಎಂದು ಆಕೆಯನ್ನೇ ಕೇಳಿ, ಉತ್ತರ ಬರುವವರೆಗೆ ಪೆನ್ನು ಹಿಡಿದು ಕಾಯಬೇಕು.