ಕರ್ತೃವೂ ಸಾಕ್ಷಿಯೂ

ತನ್ನ ವ್ಯಾಜ್ಯಕ್ಕೆ ತಾನೇ ನ್ಯಾಯಾಧಿಪತಿಯಾಗಬಾರದೆಂಬುದು ಸರ್ವಸಮ್ಮತವಾದ ನೀತಿ. ಆದರೆ ಚಲಚ್ಚಿತ್ರದಲ್ಲಿ ಅಭಿನಯಿಸಿದವನೇ ಅದರ ಸಂಕಲನಕಾರನೂ ಆದರೆ ಈ ನೀತಿಯ ಗತಿಯೇನು? ಪರರ ಅಂಕೆಗೆ ಒಳಗಾಗದೆ ಸ್ವತಂತ್ರವಾಗಿ ಚಿತ್ರ ನಿರ್ಮಿಸುವವರಲ್ಲಿ ಹೀಗಾಗುವುದು ಅಪರೂಪವಲ್ಲ. ಕ್ಯಾಮೆರಾದ ಮುಂದೆ ನಿಂತವನೇ ಆಮೇಲೆ ಕತ್ತರಿ ಹಿಡಿದು, ತನ್ನ ಮುಖವನ್ನು ಉಳಿಸಬೇಕೋ ತೆಗೆಯಬೇಕೋ ಎಂದು ನಿರ್ಣಯಿಸಬೇಕು. ಕರ್ತೃವೇ ಸಾಕ್ಷಿಯೂ ಆಗಬಲ್ಲನೇ?

ಚಾರ್ಲಿ ಚಾಪ್ಲಿನ್ನನ ಜೀವಿತವು ಇದಕ್ಕೆ ಒಳ್ಳೆಯ ನಿದರ್ಶನ. ಈತನು ಹಾಲಿವುಡ್ಡಿನಲ್ಲಿ ತನ್ನದೇ ಸ್ಟುಡಿಯೋ ಕಟ್ಟಿಸಿಕೊಂಡು, 1919ರಲ್ಲಿ ಮೂವರು ಸಹೋದ್ಯೋಗಿಗಳೊಡನೆ ಯುನೈಟೆಡ್ ಆರ್ಟಿಸ್ಟ್ಸ್ ಸಂಸ್ಥೆಯನ್ನು ಸ್ಥಾಪಿಸಿದನು. ತನ್ನ ಚಿತ್ರಗಳಲ್ಲಿ ತಾನೇ ನಟಿಸಿ, ತಾನೇ ನಿರ್ದೇಶಿಸಿ, ತಾನೇ ಸಂಕಲನ ಮಾಡಿದನು. ‘ದಿ ಕಿಡ್’ (1921) ಚಿತ್ರಕ್ಕಾಗಿ ಅವನು ತೆಗೆದ ಫಿಲ್ಮು, ತೆರೆಯ ಮೇಲೆ ಬಂದುದರ ಐವತ್ತು ಪಾಲಿಗೂ ಮಿಗಿಲು. ಉಳಿದುದೆಲ್ಲವೂ ಕತ್ತರಿಯ ಪಾಲಾಯಿತು.

‘ಸಿಟಿ ಲೈಟ್ಸ್’ (1931) ಚಿತ್ರಕ್ಕಾಗಿ ಅವನು ಒಂದು ಪ್ರಸಂಗವನ್ನು ಅಭಿನಯಿಸಿದ್ದನು. ಕಾಲುದಾರಿಯ ಕಬ್ಬಿಣದ ಜಾಲರಿಯಲ್ಲಿ ಸಿಕ್ಕಿಕೊಂಡ ಮರದ ಚೂರೊಂದನ್ನು ಅಲೆಮಾರಿಯು ತನ್ನ ಬೆತ್ತದಿಂದ ಕೆಳಕ್ಕೆ ತಳ್ಳಲು ಹೆಣಗುತ್ತಾನೆ. ನೋಡನೋಡುತ್ತ ಜನ ಸೇರುತ್ತಾರೆ. ಸುಮಾರು ಏಳು ನಿಮಿಷದ ಈ ಅಭಿನಯವು ನಗೆಯ ಬುಗ್ಗೆಯೇ ಸರಿ. ಆದರೂ ಅದು ಕಥೆಗೆ ಸಲ್ಲದೆಂದು ಅವನು ಪೂರ್ತಿಯಾಗಿ ತೆಗೆದುಹಾಕಿದನು. ಲೋಕವು ಅದನ್ನು ಕಂಡುದು 1983ರಲ್ಲಿ, ಅವನು ತೀರಿಕೊಂಡು ಐದು ವರ್ಷಗಳಾದ ಮೇಲೆ.

ಇದನ್ನು ಕೇಳಿದವರು ‘ಎಂಥ ವಿನಯ!’ ಎನ್ನಬಹುದು. ನನಗೆ ಹಾಗೆ ತೋರುವುದಿಲ್ಲ. ಅದೇ ಚಿತ್ರದ ಕೊನೆಯಲ್ಲಿ, ದೃಷ್ಟಿ ಬಂದ ಹೂ ಮಾರುವ ಹುಡುಗಿಯು ಕೈಯ ಸ್ಪರ್ಶದಿಂದ ತನ್ನ ಉಪಕಾರಿಯನ್ನು ಗುರುತಿಸುತ್ತಾಳೆ. ಆಗ ತೆರೆಯ ಮೇಲೆ ಕಟ್ಟಕಡೆಗೆ ನಿಲ್ಲುವುದು ಅವನ ಮುಖವೇ. ಏಳು ನಿಮಿಷ ತನ್ನನ್ನು ಅಳಿಸಿದ ಕೈಯೇ ಇಲ್ಲಿ ತನ್ನನ್ನು ಉಳಿಸಿತು. ಎರಡರಲ್ಲಿಯೂ ಅವನು ವಿಚಾರಿಸಿದುದು ಕೃತಿಗೆ ಯಾವುದು ಬೇಕೆಂಬುದನ್ನು ಮಾತ್ರ.

ಈ ಭೇದವು ನನಗೆ ತಡವಾಗಿ ತಿಳಿಯಿತು. ನಾನು ಉಪಾಧ್ಯಾಯನಾಗಿದ್ದಾಗ ನನ್ನ ಮಗನೂ ನನ್ನ ತರಗತಿಯಲ್ಲಿಯೇ ಓದುತ್ತಿದ್ದನು. ಒಮ್ಮೆ ಅವನ ಉತ್ತರಪತ್ರಿಕೆಯನ್ನು ತಿದ್ದುವಾಗ, ಪಕ್ಷಪಾತಿಯೆಂದು ಜನ ಆಡಿಕೊಂಡಾರೆಂಬ ಭಯದಿಂದ, ನ್ಯಾಯವಾಗಿ ಸಲ್ಲಬೇಕಾಗಿದ್ದ ನಾಲ್ಕು ಅಂಕಗಳನ್ನು ಕಳೆದೆನು. ಅವನು ಏನೂ ಕೇಳದೆ ಪತ್ರಿಕೆಯನ್ನು ಮಡಿಸಿ ಇಟ್ಟುಕೊಂಡನು. ಅದನ್ನು ನಾನು ಬಹುಕಾಲ ನಿಷ್ಪಕ್ಷಪಾತವೆಂದೇ ಬಗೆದು ಹೆಮ್ಮೆಪಟ್ಟಿದ್ದೆನು. ವಾಸ್ತವದಲ್ಲಿ ನಾನು ನೋಡಿದುದು ಪತ್ರಿಕೆಯನ್ನಲ್ಲ, ನನ್ನ ಕೀರ್ತಿಯನ್ನು.

ಮುಂಡಕೋಪನಿಷತ್ತಿನ ಎರಡು ಹಕ್ಕಿಗಳಲ್ಲಿ, ಸುಮ್ಮನೆ ನೋಡುತ್ತಿರುವ ಹಕ್ಕಿಗೆ ಹಣ್ಣಿನ ಮೇಲೆ ಆಶೆಯೂ ಇಲ್ಲ, ದ್ವೇಷವೂ ಇಲ್ಲ. ತನ್ನದೆಂದು ಉಳಿಸುವುದು ಹೇಗೆ ಮೋಹವೋ, ತನ್ನದೆಂಬ ಕಾರಣಕ್ಕೇ ಕತ್ತರಿಸುವುದೂ ಹಾಗೆಯೇ ಮೋಹ. ಎರಡನ್ನೂ ಬಿಟ್ಟವನು ತನ್ನ ವ್ಯಾಜ್ಯವನ್ನು ತಾನೇ ವಿಚಾರಿಸಲು ಅರ್ಹನು. ನಾನು ಅರ್ಹನಾಗಿರಲಿಲ್ಲವೆಂಬುದನ್ನು ಮಗನಿಗೆ ಇನ್ನೂ ಹೇಳಿಲ್ಲ. ಈ ಲೇಖನವನ್ನು ಅವನು ಓದಿಯಾನು.