ಕಳ್ಳಪ್ರತಿಯ ಋಣ

‘ಬ್ಲೇಡ್ ರನ್ನರ್’ ತೆರೆಕಂಡದ್ದು 1982ರಲ್ಲಿ. ವಾಂಗೆಲಿಸ್ ಅದಕ್ಕೆ ಮಾಡಿದ ಸಂಗೀತ ಅಧಿಕೃತ ಆಲ್ಬಮ್ಮಾಗಿ ಬಂದದ್ದು 1994ರಲ್ಲಿ. ಮೊದಲು ಅಂಗಡಿಗೆ ಬಂದದ್ದು ಬೇರೊಂದು ವಾದ್ಯವೃಂದ ನುಡಿಸಿದ ರೂಪ. ಮೂಲದ ಬಹುಪಾಲನ್ನು ಕೈಯಿಂದ ಕೈಗೆ ದಾಟಿಸಿದ್ದು ಕಳ್ಳಪ್ರತಿಗಳು.

ಸಂಶೋಧನೆಗಾಗಿ ಇಂಥ ಹೆಚ್ಚುವರಿ ಸಂಗೀತದ ಪಟ್ಟಿ ಮಾಡುವ ನನ್ನನ್ನು ಒಂದು ಪ್ರಶ್ನೆ ಕಾಡುತ್ತದೆ: ಕರ್ತೃ ಹೊರಗೆ ಬಿಡದ್ದನ್ನು ಉಳಿಸಿಕೊಳ್ಳಲು ನಾವು ಯಾರು? ಕಳೆದುಹೋದೀತೆಂಬ ಭಯವೇ ಹಕ್ಕಾದೀತೇ?

2007ರಲ್ಲಿ, ಚಿತ್ರಕ್ಕೆ ಇಪ್ಪತ್ತೈದು ತುಂಬಿದಾಗ, ಮೂರು ಸಿಡಿಗಳ ಆವೃತ್ತಿ ಬಂತು. ಅದುವರೆಗೆ ಅಪ್ರಕಟಿತವಾಗಿದ್ದ ತುಣುಕುಗಳೂ ಅದರಲ್ಲಿದ್ದವು. ಆದರೂ ಚಿತ್ರದಲ್ಲಿ ಕೇಳಿಸುವುದೆಲ್ಲ ಅದರಲ್ಲಿಲ್ಲ.

ನಾನು ಎಳೆದುಕೊಂಡ ಗೆರೆ ಇದು: ಕಳ್ಳಪ್ರತಿಯನ್ನು ಕಳ್ಳಪ್ರತಿಯೆಂದೇ ನಮೂದಿಸುತ್ತೇನೆ, ಜೋಪಾನ ಮಾಡುತ್ತೇನೆ, ಹಂಚುವುದಿಲ್ಲ. ಉಳಿಸುವುದು ಬೇರೆ, ಹಂಚುವುದು ಬೇರೆ ಎಂದು ಸಮಾಧಾನ ಹೇಳಿಕೊಳ್ಳುತ್ತೇನೆ. ಆದರೆ ಯಾರೋ ಹಂಚಿದ್ದರಿಂದಲೇ ಅದು ನನ್ನ ಕಿವಿಗೆ ಬಿದ್ದದ್ದು. ಆ ಋಣವನ್ನು ಪಟ್ಟಿಯ ಯಾವ ಕಾಲಮ್ಮಿನಲ್ಲಿ ಬರೆಯಲಿ?